ದುಂಡಕ್ಷರದ ಬಹಿಷ್ಕಾರ

ಅಡಿವೆಪ್ಪನಿಗೆ ಬೇಕಾಗಿದ್ದದ್ದು ಕಂಪ್ಯೂಟರ್ ಕ್ಲಾಸು. ಅಂಚೆ ವಿಂಗಡಿಸುವ ಕೆಲಸದಿಂದ ನಿವೃತ್ತನಾಗಿ ಎಂಟು ತಿಂಗಳಾಗಿತ್ತು. ವೆಂಬ್ಲಿಯ ಮನೆಯಲ್ಲಿ ಕೂತರೆ ಹೆಂಡತಿ ಸುವರ್ಣಾಳ ಅಡುಗೆಯಲ್ಲಿ ಹುಳುಕು ಹುಡುಕುವುದು ಬಿಟ್ಟು ಬೇರೆ ಉದ್ಯೋಗವಿರಲಿಲ್ಲ. ಹಿರಿಯರಿಗಾಗಿ ಕೌನ್ಸಿಲ್ಲಿನವರು ನಡೆಸುವ ತರಗತಿಗಳ ಪಟ್ಟಿ ಹಿಡಿದು ಸ್ಟ್ಯಾನ್ಮೋರಿಗೆ ಹೋದರೆ ಕಂಪ್ಯೂಟರಿನದು ಭರ್ತಿಯಾಗಿತ್ತು. “ಮಂಗಳವಾರ ಹನ್ನೊಂದಕ್ಕೆ ಇದೊಂದರಲ್ಲಿ ಜಾಗವಿದೆ” ಎಂದು ಕೌಂಟರಿನ ಹೆಂಗಸು ಒಂದು ಸಾಲು ತೋರಿಸಿದಳು: ಯಹೂದಿ ಚಿಂತಕರು ಮತ್ತು ಆಧುನಿಕ ರಾಜಕೀಯ ಚಿಂತನೆಯ ಹುಟ್ಟು. ಬೆಳಗಾವಿಯಲ್ಲಿ ಎರಡು ವರ್ಷ ರಾಜ್ಯಶಾಸ್ತ್ರ ಓದಿ ಬಿಟ್ಟಿದ್ದ ಅಡಿವೆಪ್ಪ ಹೆಸರು ಬರೆಸಿಯೇಬಿಟ್ಟ. ಅದು ೧೯೯೮ರ ಸೆಪ್ಟೆಂಬರು.

ಪಾಠ ಮಾಡುತ್ತಿದ್ದವರು ಹ್ಯಾನಾ ಬ್ರಾಡ್ಸ್ಕಿ ಎಂಬ ಅರವತ್ತೆಂಟರ ಹೆಂಗಸು. ಒಂಬತ್ತು ವರ್ಷದವರಿದ್ದಾಗ, ಯುದ್ಧಕ್ಕೆ ಸ್ವಲ್ಪ ಮುಂಚೆ, ವಿಯೆನ್ನಾದಿಂದ ಯಹೂದಿ ಮಕ್ಕಳನ್ನು ಇಂಗ್ಲಿಷರ ನಾಡಿಗೆ ಸಾಗಿಸಿದ ರೈಲಿನಲ್ಲಿ ಒಬ್ಬರೇ ಬಂದವರು. ಕೇಳುವವರು ಏಳೇ ಜನ. ಮೊದಲ ವಾರ ಅವರು ಯಹೂದಿಗಳ ಪವಿತ್ರ ಗ್ರಂಥದಿಂದ ಸೀನಾಯ್ ಬೆಟ್ಟದ ಕಥೆ ಹೇಳಿದರು. ಬೆಟ್ಟದ ಬುಡದಲ್ಲಿ ನಿಂತ ಜನ ‘ಆಗಲಿ’ ಎಂದ ಮೇಲೆಯೇ ದೇವರು ಕಟ್ಟಳೆ ಕೊಟ್ಟದ್ದು. “ದೇವರೇ ಒಪ್ಪಿಗೆ ಕೇಳಿದ ಮೇಲೆ ರಾಜ ಕೇಳಬೇಡವೇ? ಯುರೋಪಿನ ಪಂಡಿತರು ಯಹೂದಿ ಗುರುಗಳಾದ ರಬ್ಬಿಗಳ ಹತ್ತಿರ ಹೀಬ್ರೂ ಕಲಿತು ಈ ಪ್ರಶ್ನೆಯನ್ನು ಹೊತ್ತುಕೊಂಡು ಹೋದರು” ಎಂದರು. ಅಡಿವೆಪ್ಪ ಮನೆಗೆ ಬಂದು ಸುವರ್ಣಾಳಿಗೆ ಅದನ್ನೇ ಹೇಳಿದ. “ಬಾಳ ಚಲೋ. ನೀವು ಸೋಫಾ ತರೂಮುಂದ ನನ್ನ ಒಪ್ಪಿಗಿ ಕೇಳಿದ್ರೇನು?” ಎಂದಳು ಆಕೆ.

ಮುಂದಿನ ತಿಂಗಳೇ ಕನ್ನಡ ಕೂಟದಲ್ಲಿ ಗದ್ದಲವಾಯಿತು. ನಲವತ್ತು ಮನೆಗಳ ಆ ಕೂಟಕ್ಕೆ ಅಡಿವೆಪ್ಪ ಕಾರ್ಯದರ್ಶಿ; ಅವನ ಅಕ್ಷರ ಮುತ್ತಿನಂತೆ ದುಂಡಗಿತ್ತು ಎಂಬುದೇ ಅವನ ಅರ್ಹತೆ. ಶನಿವಾರ ಮಕ್ಕಳಿಗೆ ಕನ್ನಡ ಕಲಿಸುತ್ತಿದ್ದವಳು ರೇನರ್ಸ್ ಲೇನಿನ ಕಲ್ಯಾಣಿ. ಧಾರವಾಡದವಳು, ನಲವತ್ತರ ಆಸುಪಾಸು, ಒಂಟಿಯಾಗಿದ್ದಳು. ಒಂದು ದಿನ ಅವಳು ಪುರಾಣದ ಕಥೆ ಹೇಳುವಾಗ ಅನ್ವಿತಾ ಎಂಬ ಹುಡುಗಿ, ಇದನ್ನು ದೇವರೇ ಬರೆದನಾ ಎಂದು ಇಂಗ್ಲಿಷಿನಲ್ಲಿ ಕೇಳಿದಳು. “ಇಲ್ಲವ್ವಾ, ಮನಷ್ಯಾರು ಬರದದ್ದು. ಅವರ ಕಾಲದಾಗ ಅವರಿಗೆ ಏನು ಬೇಕಾಗಿತ್ತೋ ಅದನ್ನ ಬರದ್ರು” ಎಂದಳು ಕಲ್ಯಾಣಿ. ಹುಡುಗಿ ಮನೆಯಲ್ಲಿ ಅಜ್ಜಿಗೆ ಹಾಗೆಯೇ ಒಪ್ಪಿಸಿದಳು. ಅಜ್ಜಿ ಅತ್ತಳು. ವಾರದೊಳಗೆ ಹನ್ನೊಂದು ಮನೆಗಳಿಂದ ದೂರು ಬಂತು.

ಅಧ್ಯಕ್ಷ ಸತ್ಯಪ್ರಕಾಶ ಮೈಸೂರಿನವರು, ಆಸ್ಪತ್ರೆಯಲ್ಲಿ ದೊಡ್ಡ ಡಾಕ್ಟರು. ಸಮಿತಿಯನ್ನು ಕರೆದು, “ಕ್ಷಮೆ ಕೇಳಿ ಅಂದೆ, ಕೇಳಲ್ಲ ಅಂತಾರೆ. ಊರು ಬಿಟ್ಟು ಬಂದಿರೋರು ನಾವು. ಹೀಗಾದ್ರೆ ಮಕ್ಕಳು ಕೈ ತಪ್ಪೋಗ್ತಾರೆ. ಗಟ್ಟಿಯಾಗಿ ಒಂದು ಕಾಗದ ಹೋಗ್ಬೇಕು” ಎಂದರು. ನಿರ್ಣಯ ಇಷ್ಟು: ಕೂಟದಿಂದ ಕಲ್ಯಾಣಿಯ ಹೆಸರು ತೆಗೆಯುವುದು, ಯಾವ ಹಬ್ಬಕ್ಕೂ ಕರೆಯದಿರುವುದು, ಸದಸ್ಯರು ಯಾರೂ ಆಕೆಯ ಬಳಿ ಮಕ್ಕಳನ್ನು ಕಳಿಸದಿರುವುದು. ಒಬ್ಬರೂ ಎದುರಾಡಲಿಲ್ಲ. ಅಡಿವೆಪ್ಪ ಆ ಸಂಜೆಯೇ ತನ್ನ ದುಂಡಕ್ಷರದಲ್ಲಿ ಬರೆದು ಅಂಚೆಗೆ ಹಾಕಿದ.

ನವೆಂಬರಿನ ಒಂದು ಮಂಗಳವಾರ ಮಿಸೆಸ್ ಬ್ರಾಡ್ಸ್ಕಿ ಪಾಠದಲ್ಲಿ ಆಮ್‌ಸ್ಟರ್‌ಡ್ಯಾಮಿನ ಕಥೆಗೆ ಬಂದರು. ಸಾವಿರದ ಆರುನೂರ ಐವತ್ತಾರರಲ್ಲಿ ಅಲ್ಲಿನ ಯಹೂದಿ ಹಿರಿಯರು ಇಪ್ಪತ್ಮೂರು ವರ್ಷದ ಒಬ್ಬ ತರುಣನನ್ನು, ತಮ್ಮ ನಂಬಿಕೆಗೆ ಎದುರಾಡಿದನೆಂದು ಹೊರಗೆ ಹಾಕಿದರು. ಯಾರೂ ಅವನೊಡನೆ ಮಾತಾಡಬಾರದು, ಅವನಿರುವ ಸೂರಿನಡಿ ನಿಲ್ಲಬಾರದು, ಅವನು ಬರೆದದ್ದನ್ನು ಓದಬಾರದು. ಮುಂದೆ ಅವನು, ಪವಿತ್ರ ಗ್ರಂಥ ಮನುಷ್ಯರ ಕೈಯಿಂದ ಆದದ್ದು ಎಂದು ಬರೆದ. ಜನ ತಮಗೆ ತೋಚಿದ್ದನ್ನು ಅಂಜದೆ ಹೇಳುವಂತಿರಲಿ ಎಂದೇ ರಾಜ್ಯವಿರುವುದು ಎಂದೂ ಬರೆದ.

ಉಳಿದವರು ಕೋಟು ಹಾಕಿಕೊಂಡು ಹೊರಟರೂ ಅಡಿವೆಪ್ಪ ಏಳಲಿಲ್ಲ. “ನಾನು ಇಂಥದೊಂದು ಕಾಗದ ಬರೆದಿದ್ದೇನೆ. ಹೋದ ತಿಂಗಳು” ಎಂದು ಎಲ್ಲವನ್ನೂ ಹೇಳಿದ.

ಮಿಸೆಸ್ ಬ್ರಾಡ್ಸ್ಕಿ ಗಾಬರಿಯಾಗಲಿಲ್ಲ. “ಆ ಹಿರಿಯರು ಕೆಟ್ಟವರಲ್ಲ. ಅವರ ಕುಟುಂಬಗಳು ಪೋರ್ಚುಗಲ್ಲಿನಿಂದ ಜೀವ ಉಳಿಸಿಕೊಂಡು ಓಡಿ ಬಂದವು. ಊರಿನವರು ಇರಗೊಟ್ಟಿದ್ದಾರೆ, ನಾಳೆ ಬೇಡ ಅಂದರೆ? ಅದಕ್ಕೇ ಮನೆಯೊಳಗೆ ಸದ್ದಾಗದಂತೆ ನೋಡಿಕೊಂಡರು. ನಾನು ಬಂದ ಹೊಸದರಲ್ಲಿ, ಬಸ್ಸಿನಲ್ಲಿ ಜರ್ಮನ್ ಆಡಬೇಡ ಎಂದು ನನ್ನನ್ನು ಸಾಕಿದವರು ಬಾಯಿಗೆ ಬೆರಳಿಡುತ್ತಿದ್ದರು. ನನ್ನ ಭಾಷೆ ಅಲ್ಲೇ ಹೋಯಿತು. ಭಯ ಕೆಟ್ಟದ್ದಲ್ಲ, ಆದರೆ ಅದನ್ನು ಅಧ್ಯಕ್ಷನ ಕುರ್ಚಿಯಲ್ಲಿ ಕೂರಿಸಬಾರದು” ಎಂದರು.

“ಅವನು ವಾಪಸ್ ಬಂದನೇ?”

“ಇಲ್ಲ. ಹಿರಿಯರು ಬಹಿಷ್ಕಾರ ಹಿಂತೆಗೆದುಕೊಳ್ಳಲಿಲ್ಲ, ಅವನೂ ಬೇಡಿಕೊಳ್ಳಲಿಲ್ಲ. ಗಾಜು ಉಜ್ಜಿ ಮಸೂರ ಮಾಡಿ ಬದುಕಿದ. ಬೇರೆ ಏನನ್ನಾದರೂ ಇನ್ನೊಬ್ಬರ ಕೈಗೆ ಒಪ್ಪಿಸಬಹುದು, ಯೋಚಿಸುವುದನ್ನು ಒಪ್ಪಿಸಲಾಗದು, ಮನಸ್ಸು ಮಾಡಿದರೂ ಆಗದು ಎಂಬುದು ಅವನ ಮಾತಿನ ತಿರುಳು.”

ಟ್ಯೂಬ್ ರೈಲಿನಲ್ಲಿ ವೆಂಬ್ಲಿ ಪಾರ್ಕಿನವರೆಗೂ ಅಡಿವೆಪ್ಪ ಅದನ್ನೇ ಮೆಲುಕು ಹಾಕಿದ. ನಿಜ, ತಾನೂ ಯೋಚನೆಯನ್ನು ಒಪ್ಪಿಸಿರಲಿಲ್ಲ. ಬರೆಯುವಾಗಲೇ ಇದು ತಪ್ಪೆಂದು ಗೊತ್ತಿತ್ತು. ಕೊಟ್ಟದ್ದು ಕೈಯನ್ನು ಮಾತ್ರ. ಅದು ಇನ್ನೂ ನಾಚಿಕೆಗೇಡು.

ಭಾನುವಾರ ರೇನರ್ಸ್ ಲೇನಿಗೆ ಹೋದ. ಕಲ್ಯಾಣಿ ಬಾಗಿಲು ತೆಗೆದಳು. “ಬರ್ರಿ ಕಾಕಾ, ಕೂಡ್ರಿ. ನಿಮಗ ಇಲ್ಲಿ ಬರಾಕ ಪರವಾನಗಿ ಅದ ಏನು?”

“ಪರವಾನಗಿ ಕೇಳಿಲ್ಲವ್ವಾ. ಆ ಕಾಗದ ನಾ ಬರದದ್ದು ತಪ್ಪಾತು. ಅದನ್ನ ಹೇಳಾಕ ಬಂದೀನಿ.”

“ಲಕೋಟಿ ಮ್ಯಾಲಿನ ಅಕ್ಷರ ನೋಡಿ ನಿಮ್ಮವ ಅಂತ ಗೊತ್ತಾತು. ದೀಪಾವಳಿಗೆ ಕರ್ಯಾಕತ್ತಾರ ಅನ್ಕೊಂಡು ಖುಷಿಲೆ ಒಡದೆ.” ಅವಳ ದನಿ ಸಮವಾಗಿಯೇ ಇತ್ತು. “ಈಗ ನನ್ನ ಸಲುವಾಗಿ ಬಂದ್ರೋ, ನಿಮ್ಮ ಮನಸ್ಸು ಹಗುರ ಮಾಡ್ಕೊಳ್ಳಾಕ ಬಂದ್ರೋ?”

ಅಡಿವೆಪ್ಪ ಸುಳ್ಳು ಹೇಳಲಿಲ್ಲ. “ಎರಡೂ ಇರಬೇಕು. ಯಾವುದು ಎಷ್ಟು ಅಂತ ತಿಳೀವಲ್ದು.”

ಅವಳು ಚಹಾ ಮಾಡಿದಳು. ಕೂಟಕ್ಕೆ ಮರಳುವ ಆಸೆ ತನಗಿಲ್ಲವೆಂದಳು. “ಆದ್ರ ಆ ಹುಡುಗಿ ಕೇಳಿದ್ದು ತಪ್ಪು ಅಂತ ಮಕ್ಕಳು ತಿಳ್ಕೋಬಾರದು ಕಾಕಾ. ಅಷ್ಟ ಸಂಕಟ ನನಗ.”

ಜನವರಿಯ ಸಂಕ್ರಾಂತಿಯ ದಿನ ವೆಂಬ್ಲಿಯ ಒಂದು ಹಾಲಿನಲ್ಲಿ ಕೂಟದ ವಾರ್ಷಿಕ ಸಭೆ. ಎಳ್ಳುಬೆಲ್ಲ ಹಂಚಿದ ಮೇಲೆ ಅಡಿವೆಪ್ಪ ಎದ್ದು ನಿಂತ. “ಕಲ್ಯಾಣಿಗೆ ಹೋದ ಕಾಗದ ವಾಪಸ್ ತಗೋಬೇಕು. ಬರದಂವಾ ನಾನ, ತಪ್ಪು ಮಾಡಿದಂವಾನೂ ನಾನ. ಮಗು ಒಂದು ಪ್ರಶ್ನೆ ಕೇಳ್ತು. ಕೇಳಿದ್ದು ತಪ್ಪಲ್ಲ, ತಿಳಿದಂಗ ಉತ್ತರ ಕೊಟ್ಟದ್ದೂ ತಪ್ಪಲ್ಲ. ಒಪ್ಪದವರು ವಾದ ಮಾಡ್ರಿ, ಹೊರಗ ಹಾಕಬ್ಯಾಡ್ರಿ” ಎಂದ.

ಪರವಾಗಿ ಕೈ ಎತ್ತಿದವರು ಆರು ಜನ. ಅವರಲ್ಲಿ ಸುವರ್ಣಾ ಒಬ್ಬಳು. ಹಿಂದಿನ ದಿನವೇ ಅವಳ ಒಪ್ಪಿಗೆ ಕೇಳಿದ್ದ, ಆಗ ಹೂಂ ಅಂದಿರಲಿಲ್ಲ, ಉಹೂಂ ಅಂದಿರಲಿಲ್ಲ. ಇನ್ನೊಬ್ಬಳು ಅನ್ವಿತಾಳ ಅಜ್ಜಿ ರತ್ನಾಬಾಯಿ. “ನಾ ಅತ್ತಿದ್ದು ಖರೆ. ಆದ್ರ ಆಕಿನ್ನ ಹೊರಗ ಹಾಕ್ರಿ ಅಂತ ನಾ ಅಂದಿದ್ದಿಲ್ಲ” ಎಂದಳು. ವಿರೋಧವಾಗಿ ಎದ್ದದ್ದು ಐವತ್ತಕ್ಕೂ ಹೆಚ್ಚು ಕೈ. ಅಡಿವೆಪ್ಪ ಅಲ್ಲೇ ಕಾರ್ಯದರ್ಶಿತನ ಬಿಟ್ಟ.

ಕಾರು ನಿಲ್ಲಿಸಿದ ಜಾಗದಲ್ಲಿ ಸತ್ಯಪ್ರಕಾಶ ಎದುರಾದರು. ಮುಖ ಗಂಟಿಕ್ಕಿತ್ತು. “ಎಲ್ರೆದುರಿಗೂ ಹೀಗ್ ಮಾಡ್ಬಾರ್ದಾಗಿತ್ತು ಅಡಿವೆಪ್ಪನವ್ರೇ. ಇನ್ಮೇಲೆ ನಿಮ್ ಮನೇಗೆ ಹೇಗ್ ಬರ್ಲಿ?”

“ಯಾವಾಗಿನಂಗ ಬರ್ರಿ ಡಾಕ್ಟ್ರ. ಯುಗಾದಿಗೆ ಸುವರ್ಣಾ ಹೋಳಿಗಿ ಮಾಡ್ತಾಳ. ಕಲ್ಯಾಣಿನೂ ಬರ್ತಾಳ, ಮೊದಲ ಹೇಳ್ತೀನಿ. ಆಕಿ ಬರ್ತಾಳಂತ ನೀವು ಬಿಡಬ್ಯಾಡ್ರಿ. ನಿಮ್ಮ ಸಲುವಾಗಿ ಆಕಿನ್ನ ಬಿಡಂಗಿಲ್ಲ ನಾ.”

ಡಾಕ್ಟರು ಕಾರು ಹತ್ತಿದರು.

ಯುಗಾದಿಯ ದಿನ ಅವರು ಬಂದರು. ಹತ್ತು ನಿಮಿಷ ಕೂತು ಹೋಗುತ್ತೇನೆಂದು ಕೋಟನ್ನೂ ತೆಗೆಯಲಿಲ್ಲ. ಕಲ್ಯಾಣಿ ಎದುರಿನ ಕುರ್ಚಿಯಲ್ಲಿದ್ದಳು. ನಂಬಿಕೆಯಿಲ್ಲದೆ ಮಕ್ಕಳು ಎಲ್ಲಿ ನಿಲ್ಲುತ್ತವೆ ಎಂದು ಅವರು ಕೇಳಿದರು. ಪ್ರಶ್ನೆ ಕೇಳಿದರೆ ಬೀಳುವ ನಂಬಿಕೆಯ ಮೇಲೆ ಹೇಗೆ ನಿಲ್ಲುತ್ತವೆ ಎಂದು ಆಕೆ ಕೇಳಿದಳು. ಇಬ್ಬರೂ ಒಪ್ಪಲಿಲ್ಲ. ಕೂಟದ ಪುಸ್ತಕದಲ್ಲಿ ಆ ನಿರ್ಣಯ ಹಾಗೆಯೇ ಉಳಿಯಿತು. ಒಂದು ಗಂಟೆಯ ಮೇಲೆ ಸುವರ್ಣಾ ಒಳಗಿನಿಂದ ಬಂದು, “ಡಾಕ್ಟ್ರ, ಕೋಟು ತಗದು ವಾದ ಮಾಡ್ರಿ, ಸೆಕಿ ಆಗತದ” ಎಂದಳು. ಅವರು ಕೋಟು ತೆಗೆದು ಕುರ್ಚಿಯ ಬೆನ್ನಿಗೆ ಹಾಕಿ ಮಾತು ಮುಂದುವರಿಸಿದರು.