ಧರೆಪ್ಪನದೂ ನಿಮ್ಮದೂ ಕೂಡಿಕೆ ಆಗಿದೆ

೧
ಈ ಕಥೆ ಎಲ್ಲಿಂದ ಶುರುವಾಗಬೇಕು ಎಂಬುದೇ ಮೊದಲ ತಕರಾರು. ರಾಯಬಾಗದ ಕೋರ್ಟಿನಿಂದಲೋ, ಅಥಣಿಯದರಿಂದಲೋ? ಎರಡು ಕಡೆಯೂ ಶುರುಮಾಡಿ ನೋಡಿದೆ. ಎರಡು ಡ್ರಾಫ್ಟ್ ಹರಿದು ಹಾಕಿದೆ. ಹೊಲ ಒಂದೇ ಮನೆತನದ್ದು, ನಡುವೆ ಕೃಷ್ಣಾ ಹೊಳೆ. ಈ ದಂಡೆ ರಾಯಬಾಗ ತಾಲೂಕು, ಆ ದಂಡೆ ಅಥಣಿ. ಗಂಡ ಸತ್ತ ಹೊಳೆವ್ವ ತನ್ನ ಪಾಲು ಕೇಳಿ ರಾಯಬಾಗದಲ್ಲಿ ದಾವೆ ಹಾಕಿದಳು. ಮೈದುನ ಧರೆಪ್ಪ ಎಲ್ಲ ಹೊಲ ತನ್ನದೇ ಎಂದು ಅಥಣಿಯಲ್ಲಿ ಹಾಕಿದ. ಎರಡೂ ಕಡೆ ಅವೇ ಸಾಕ್ಷಿಗಳು, ಅವೇ ಸುಳ್ಳುಗಳು.

(ಪ್ರೇಮಕಥೆ ಹುಡುಕಿ ಬಂದವರು ಇಲ್ಲೇ ಇಳಿದುಬಿಡಿ. ಮುಂದೆ ಒಂದು ಮದುವೆ ಇದೆ ನಿಜ, ಆದರೆ ಅದು ನನ್ನ ಘನಕಾರ್ಯ.)

೨
ನಾನು ಬಾಳಾಸಾಬ, ಚಿಕ್ಕೋಡಿಯಲ್ಲಿ ಹೊಳೆವ್ವನ ವಕೀಲರ ಕಾರಕೂನ. ನಿಪ್ಪಾಣಿಯವನು, ಕಲಿತದ್ದು ಮರಾಠಿ ಶಾಲೆ. ಕನ್ನಡ ಬರೆಯುವಾಗಲೂ ಮರಾಠಿಯಂತೆ ಶಬ್ದದ ಮೇಲೆ ಉದ್ದ ಗೆರೆ ಎಳೆಯುವ ಚಟ ಇಂದಿಗೂ ಬಿಟ್ಟಿಲ್ಲ. ಇಂಥವನಿಗೆ ಪೋಸ್ಟ್‌ಮಾಡರ್ನ್ ಕಥೆ ಬರೆಯುವ ಸೊಕ್ಕು ಬೇರೆ.

೧೯೮೭ರಲ್ಲಿ ನಮ್ಮ ವಕೀಲರು ಬೆಳಗಾವಿಯ ಜಿಲ್ಲಾ ಕೋರ್ಟಿಗೆ ಅರ್ಜಿ ಹಾಕಿದರು: ಇಬ್ಬರು ಜಡ್ಜರು ಎರಡು ಬಗೆಯ ತೀರ್ಪು ಕೊಟ್ಟರೆ ಫಜೀತಿ, ಎರಡೂ ದಾವೆಗಳನ್ನು ಚಿಕ್ಕೋಡಿಗೆ ತಂದು ಒಟ್ಟಿಗೆ ನಡೆಸಬೇಕು. ಮಂಜೂರಾಯಿತು. ನಮ್ಮ ಪಾಲಿಗೆ ಅದು ಗೆಲುವು. "ಹೊಳೆವ್ವಗ ಒಂದ್ ಕಾರ್ಡ್ ಒಗೀಪಾ" ಎಂದರು ವಕೀಲರು.

ಆದೇಶದಲ್ಲಿದ್ದ ಕನ್ಸಾಲಿಡೇಶನ್‌ಗೆ ಕನ್ನಡವೇನು? ಕೂಡಿಸುವುದು. ಅಂದರೆ ಕೂಡಿಕೆ. ಕಾರ್ಡಿನಲ್ಲಿ ಜಾಗ ಕಡಿಮೆ, 'ದಾವೆ' ಎಂಬ ಶಬ್ದ ಬಿಟ್ಟೆ, ಆಫೀಸಿನ ಹೆಸರನ್ನೂ ಬಿಟ್ಟೆ. ಬರೆದದ್ದು ಇಷ್ಟು: "ಸಂತೋಷದ ಸಂಗತಿ. ಧರೆಪ್ಪನದೂ ನಿಮ್ಮದೂ ಕೂಡಿಕೆ ಆಗಿದೆ. ಸೋಮವಾರ ಚಿಕ್ಕೋಡಿಗೆ ಬರಬೇಕು."

ಆ ಹೊಳೆಸಾಲಿನ ಕನ್ನಡದಲ್ಲಿ ಕೂಡಿಕೆ ಎಂದರೆ ವಿಧವೆಯ ಮರುಮದುವೆ. ನಮ್ಮ ಮನೆಯಲ್ಲಿ ಅದಕ್ಕೆ ಪಾಟ ಅನ್ನುತ್ತಿದ್ದರು. ನನಗೇನು ಗೊತ್ತು?

೩
ಹೊಳೆವ್ವನಿಗೆ ಓದು ಬರದು. ಪೋಸ್ಟಮನ್ ಮುರಗೆಪ್ಪ ಹಿಟ್ಟಿನ ಗಿರಣಿಯ ಮುಂದೆ ನಿಂತು ಗಟ್ಟಿಯಾಗಿ ಓದಿದ.

"ಇನ್ನೊಮ್ಮೆ ಓದೋ ತಮ್ಮಾ," ಎಂದಳು. ಓದಿದ.

"ಯಾರ ಕೂಡ?"

"ಧರೆಪ್ಪನ ಕೂಡ ಬೇ. ಕಾರ್ಡಿನ್ಯಾಗ ಹಂಗ ಐತಿ."

ಹಿಟ್ಟು ಬೀಸಿಸಲು ಬಂದ ಕೆಂಚವ್ವ, "ನಮಗ ಊಟಕ್ಕರ ಹೇಳಬೇಕಿಲ್ಲೇನ" ಎಂದಳು. ಎಲ್ಲರೂ ನಕ್ಕರು. ಹೊಳೆವ್ವ ಕಾರ್ಡು ಕಸಿದು, ಅಕ್ಷರದ ಮೇಲಿನ ಉದ್ದ ಗೆರೆಗಳನ್ನೊಮ್ಮೆ ನೋಡಿ, ನೆಲಕ್ಕೆ ಒಗೆದು ಹೋದಳು. ಗಿರಣಿಯಲ್ಲೇ ನಿಂತಿದ್ದ ಧರೆಪ್ಪ ನಗಲಿಲ್ಲ. ಕಾರ್ಡು ಎತ್ತಿ, ಹಿಟ್ಟು ಝಾಡಿಸಿ, ಜೇಬಿಗಿಳಿಸಿದ.

೪
ಕಾರ್ಡು ಕೋರ್ಟಿಗೆ ಬಂತು. ಆಕೆಯ ಸಂಬಂಧಿಕರೇ ಯಾರೋ ಬರೆದದ್ದು, ಕೂಡಿಕೆ ಆದದ್ದು ಖರೆ, ಗಂಡನ ಮನೆಯಲ್ಲಿ ಹೆಂಡತಿಗೆ ಬೇರೆ ಪಾಲು ಎಲ್ಲಿಯದು ಎಂದು ಧರೆಪ್ಪನ ವಕೀಲರು ವಾದಿಸಿದರು. ಕಾನೂನಿನಲ್ಲಿ ಇದು ನಿಲ್ಲುವ ಮಾತಲ್ಲ. ನಿಲ್ಲದ್ದನ್ನು ವರ್ಷಗಟ್ಟಲೆ ನಿಲ್ಲಿಸುವುದಕ್ಕೇ ಅಲ್ಲವೇ ಕರಿಕೋಟು? ಅಷ್ಟರಲ್ಲಿ ಊರು ಆಕೆಯನ್ನು 'ಧರೆಪ್ಪನಾಕಿ' ಎಂದು ಕರೆಯತೊಡಗಿತ್ತು.

ಕಾರ್ಡು ವಕೀಲರ ಆಫೀಸಿನದೇ ಎಂದು ಹೊಳೆವ್ವ ಹೇಳಿದ್ದರಿಂದ ನನ್ನನ್ನು ಕಟಕಟೆಗೆ ಕರೆದರು. "ನಾನೇ ಬರೆದೆ, ದಾವೆಗಳ ಬಗ್ಗೆ ಬರೆದೆ" ಎಂದರೆ ಮುಗಿಯುತ್ತಿತ್ತು. ಆದರೆ ಅದೇ ವಾರ ನನ್ನ ಮೊದಲ ಕನ್ನಡ ಕಥೆ ಅಚ್ಚಾಗಿತ್ತು. ಒಪ್ಪಿಕೊಂಡರೆ, ಕೂಡಿಕೆಯ ಅರ್ಥ ಗೊತ್ತಿಲ್ಲದ ಕನ್ನಡ ಕಥೆಗಾರ ಎಂದು ಇಡೀ ಬಾರ್ ರೂಮು ನಗುತ್ತಿತ್ತು. ನಮ್ಮ ವಕೀಲರೂ ಕಾಗದ ತಿರುವುತ್ತಿದ್ದರು, ಆಫೀಸಿನ ಮಾನ ಅವರಿಗೂ ಬೇಕಿತ್ತು.

"ಈ ಅಕ್ಷರ ನಿಮ್ಮದೇ?"

"ಅಲ್ಲ."

(ಈ ಒಂದು ಶಬ್ದವನ್ನು ಏಳು ಡ್ರಾಫ್ಟಿನಲ್ಲಿ ಮುಚ್ಚಿಟ್ಟಿದ್ದೆ. ಟೆಕ್ನಿಕ್ ಅಂದುಕೊಂಡಿದ್ದೆ. ಹೇಡಿತನಕ್ಕೆ ಎಷ್ಟು ಚೆಂದದ ಹೆಸರು.)

೫
ಅಂತ್ಯ ಒಂದು: ಜಡ್ಜರು ನಕ್ಕು ಕಾರ್ಡನ್ನು ತಳ್ಳಿಹಾಕುತ್ತಾರೆ.
ಅಂತ್ಯ ಎರಡು: ಹೊಳೆವ್ವ ಗೆದ್ದು, ಎರಡೂ ದಂಡೆಯಲ್ಲಿ ಕಬ್ಬು ನಾಟಿ ಮಾಡಿಸುತ್ತಾಳೆ.

"ಏನ್ ಬರಿಯಾಕತ್ತೀರಿ ಕಾರಕೂನ್ರ?" ಹೊಳೆವ್ವ ಹಾಳೆಯ ಮೇಲೆ ಬಗ್ಗಿದ್ದಾಳೆ.

"ನಿಮ್ದ ಕಥಿರಿ. ಕಡೀಕ ನೀವ ಗೆಲ್ತೀರಿ."

"ಗೆಲ್ಲೂದು ನಾ ನೋಡ್ಕೋತೀನಿ. ಕಾರ್ಡ್ ಬರದಾವ್ರು ಯಾರು, ಅಟ್ ಬರೀರಿ."

"ಕಥ್ಯಾಗ ಎಲ್ಲಾ ಬಿಚ್ಚಿ ಹೇಳಬಾರದ್ರಿ."

"ಕಾರ್ಡಿನ್ಯಾಗೂ ಬಿಚ್ಚಿ ಹೇಳ್ಲಿಲ್ಲ ನೀವು."

ಎರಡೂ ಅಂತ್ಯ ಹೊಡೆದು ಹಾಕಿದೆ.

೬
ಈಗ ೧೯೯೬. ಕೇಸು ಚಿಕ್ಕೋಡಿಯಲ್ಲೇ ಇದೆ. ಎರಡು ಫೈಲು, ಒಂದೇ ದಾರದಲ್ಲಿ ಕಟ್ಟಿದ್ದು. ನಿಜವಾಗಿ ಕೂಡಿಕೆ ಆದದ್ದು ಅವೆರಡರದ್ದೇ. ತೀರ್ಪು ಬಾರದ ಕಥೆಗೆ ಅಂತ್ಯ ಬರೆಯಲು ನಾನು ಯಾವ ದೊಡ್ಡ ಜಡ್ಜ?

ಟೈಪ್ ಮಾಡಿಸಿ ಕಳಿಸಿ ಎಂದಿದ್ದರು ಸಂಪಾದಕರು. ಮಾಡಿಸಲಿಲ್ಲ. ಕೈಯಲ್ಲೇ ಬರೆದು, ಕೆಳಗೆ ಪೂರ್ತಿ ಹೆಸರು ಹಾಕಿ, ಒಂದು ಪ್ರತಿಯನ್ನು ಹೊಳೆವ್ವನಿಗೆ ಕೊಟ್ಟೆ. ಆಕೆ ಹಾಳೆಯನ್ನು ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದಳು.

"ಓದಾಕ ಬರೂದಿಲ್ಲ ನನಗ," ಎಂದಳು. "ಆ ಕಾರ್ಡಿನ ಗೆರಿ ಕಾಣ್ತಾವ."