ಮೈಕಮ್ಮನ ಟ್ರಿಪ್ಪು ರದ್ದಾಗಲಿಲ್ಲ

ಮೈಕಮ್ಮನ ಶವದ ಪೆಟ್ಟಿಗೆಯನ್ನು ಬಸ್ಸಿನ ಹಿಂಬಾಗಿಲಿನಿಂದ ಒಳಗೆ ನೂಕುತ್ತಿದ್ದಾಗ ರಸ್ತೆಯಲ್ಲಿ ನಾಲ್ಕು ಲಕ್ಷ ಜನ ನಿಂತಿದ್ದರು. ಮಹಡಿಗಳ ಮೇಲೆ ನಿಂತವರನ್ನು ಲೆಕ್ಕಕ್ಕೆ ಹಿಡಿದಿಲ್ಲ. ಊರಿನಲ್ಲಿ ಅಷ್ಟು ಜನವೇ ಇಲ್ಲವಲ್ಲ ಎಂದು ಯಾರಾದರೂ ಮೂಗು ಮುರಿದರೆ ಉತ್ತರ ಸಿದ್ಧವಿದೆ: ಕೆಲವರು ಎರಡೆರಡು ಸಲ ಬಂದಿದ್ದರು. ಸೂರ್ಯ ಕೂಡ ಅವತ್ತು ಬೇಗನೆ ಎದ್ದು, ಮುಖ ತೊಳೆದುಕೊಂಡು, ಬಸ್ ನಿಲ್ದಾಣದ ತಗಡಿನ ಮಾಡಿನ ಮೇಲೆ ಬಂದು ಕೂತಿದ್ದ.

"ತಲೆ ಮುಂದಕ್ಕೆ ಬರ್ಲಿ, ಕಾಲು ಹಿಂದಕ್ಕೆ," ಎಂದ ಡ್ರೈವರು, ಪೆಟ್ಟಿಗೆಯ ಮೂಲೆ ಹಿಡಿದುಕೊಂಡು. "ಅಕ್ಕ ಇಷ್ಟು ವರ್ಷ ಜನರ ಕಡೆ ಮುಖ ಮಾಡಿ ನಿಂತೋರು. ಇವತ್ತು ಎದ್ದು ಕೂತ್ರೂ ಜನರ ಮುಖಾನೇ ಕಾಣ್ಬೇಕು."

"ಅವಳು ಎದ್ದು ಕೂತ್ರೆ ಮೊದ್ಲು ಓಡೋನು ನೀನೇ," ಎಂದಳು ಮೈಕಮ್ಮನ ತಂಗಿ, ಅಳುವಿನ ನಡುವೆಯೇ.

ಪೆಟ್ಟಿಗೆ ಅರ್ಧ ಒಳಗೆ, ಅರ್ಧ ಹೊರಗೆ ನಿಂತಿತು. ಎಲ್ಲರೂ ಮೈಕಮ್ಮನ ಗಂಡನ ಕಡೆ ನೋಡಿದರು. ಆತ ಟೈಲರ್. ಬಾಯಲ್ಲಿ ಸದಾ ಗುಂಡುಸೂಜಿ ಕಚ್ಚಿಕೊಂಡು ಕೆಲಸ ಮಾಡಿ ಮಾಡಿ, ಸೂಜಿ ಇಲ್ಲದಾಗಲೂ ಬಾಯಿ ತೆರೆಯದ ಮನುಷ್ಯ. ಮದುವೆಯಾದ ಮೇಲೆ ಆತ ಆಡಿದ ಮಾತನ್ನೆಲ್ಲ ಒಟ್ಟು ಮಾಡಿದರೆ ಒಂದು ಅಂಗಿಯ ಜೇಬು ತುಂಬುವುದಿಲ್ಲ.

"ಇವತ್ತು ಅವಳು ಪ್ಯಾಸೆಂಜರ್ರು," ಎಂದರು ಟೈಲರ್. "ಮುಂದಕ್ಕೆ ನೋಡ್ಲಿ."

ಪೆಟ್ಟಿಗೆಯನ್ನು ತಿರುಗಿಸಿದರು.

ಮೈಕಮ್ಮ ಟೂರಿಸ್ಟ್ ಬಸ್ಸಿನ ಗೈಡು. ಬೆಳಿಗ್ಗೆ ಹೊರಟು, ಮೂರು ಹಳೆಯ ಗುಡಿ, ನಡುವೆ ಹೊಳೆ, ಸಂಜೆಗೆ ವಾಪಸ್ಸು. ಡ್ರೈವರ್ ಪಕ್ಕದಲ್ಲಿ, ಮುಂದಿನ ಗಾಜಿಗೆ ಬೆನ್ನು ಹಾಕಿ, ಪ್ರವಾಸಿಗಳ ಕಡೆ ಮುಖ ಮಾಡಿ ನಿಂತು ಮೈಕು ಹಿಡಿದರೆ ಸಂಜೆಯವರೆಗೆ ಕೂರುತ್ತಿರಲಿಲ್ಲ. ಹಾಗಾಗಿ ಆ ದಾರಿಯಲ್ಲಿ ಎದುರಿಗೆ ಬರುವುದನ್ನು ಆಕೆ ಒಮ್ಮೆಯೂ ನೋಡಿದವಳಲ್ಲ. ಮರ, ಸೇತುವೆ, ಗೋಪುರ ಎಲ್ಲ ಆಕೆಗೆ ದೂರವಾಗುತ್ತಲೇ ಪರಿಚಯ. ಆಕೆ ಗೈಡಾದಾಗಿನಿಂದ ಒಂದು ಟ್ರಿಪ್ಪೂ ರದ್ದಾಗಿರಲಿಲ್ಲ. ಹೊಳೆ ಉಕ್ಕಿ ಸೇತುವೆ ಮುಳುಗಿದಾಗ ಬಸ್ಸನ್ನೇ ಈಜಿಸಿಕೊಂಡು ಹೋಗಿದ್ದರು. ಅದೂ ಎಂಥ ಡ್ರೈವರು! ಬಸ್ಸಿಗೆ ಚಕ್ರ ಇಲ್ಲದಿದ್ದರೂ ಓಡಿಸುವವನು. ಮೂರು ಗುಡಿಯ ಒಂದೊಂದು ಕಲ್ಲನ್ನೂ ಹೆಸರು ಹಿಡಿದು ಕರೆಯಬಲ್ಲವನು. ಅವನ ಬಗ್ಗೆ ಎಷ್ಟು ಹೇಳಿದರೂ ಕಡಿಮೆಯೇ.

ಅಷ್ಟರಲ್ಲಿ ಬಸ್ಸಿನ ಮಾಲೀಕ ಕಿವಿಗೆ ಫೋನ್ ಒತ್ತಿಕೊಂಡು ಬಂದ.

"ನೋಡಿ, ಇವತ್ತಿನ ಬುಕಿಂಗ್‌ನೋರು ಆಗ್ಲೇ ಸ್ಟಾಪಲ್ಲಿ ನಿಂತಿದ್ದಾರೆ. ಅವರಿಗೆ ಯಾರೂ ತಿಳಿಸಿಲ್ಲ. ವಾಪಸ್ ಕಳಿಸ್ಬಿಡ್ತೀನಿ. ಬಸ್ಸು ನಿಮ್ಮ ಹತ್ರಾನೇ ಇರ್ಲಿ, ಸಮಾಧಾನವಾಗಿ ಎಲ್ಲ ಮುಗಿಸ್ಕೊಂಡು ಬನ್ನಿ. ಟ್ರಿಪ್ಪು ಕ್ಯಾನ್ಸಲ್."

"ಇಲ್ಲ," ಎಂದರು ಟೈಲರ್.

"ಏನು ಇಲ್ಲ?"

"ಕ್ಯಾನ್ಸಲ್ ಇಲ್ಲ. ಮಾತು ಕೊಟ್ಟಿದ್ದೀನಿ."

*

ಮಾತು ಕೊಟ್ಟದ್ದು ಹಿಂದಿನ ರಾತ್ರಿ, ಟ್ರಿಪ್ಪು ಮುಗಿಸಿ ಮೈಕಮ್ಮ ನೇರ ಸೇರಿದ ಆಸ್ಪತ್ರೆಯಲ್ಲಿ, ಕಿಟಕಿಯ ಪಕ್ಕದ ಹಾಸಿಗೆಯ ಬಳಿ. ಮೈಕಮ್ಮನಿಗೆ ಉಸಿರು ಸಾಲುತ್ತಿರಲಿಲ್ಲ, ಆದರೂ ಸುಮ್ಮನಿರಲಿಲ್ಲ. ಪಕ್ಕದ ಹಾಸಿಗೆಯ ಮುದುಕಿಗೆ, ಔಷಧಿ ಕೊಡುವ ನರ್ಸಿಗೆ, ನೆಲ ಒರೆಸುವವಳಿಗೆ ಗುಡಿ ತೋರಿಸುತ್ತಿದ್ದಳು. ಸಕ್ಕರೆ ನೀರಿನ ಬಾಟಲಿ ನೇತುಹಾಕಿದ ಕಂಬಿಯೇ ಗೋಪುರ.

"ರಾಜ ಕೇಳ್ತಾನೆ, ಶಿಲ್ಪಿ, ಈ ಗುಡಿಗೆ ಬಾಗಿಲು ಯಾಕೆ ಇಷ್ಟು ಗಿಡ್ಡ? ಆಗ ಶಿಲ್ಪಿ..." ಉಸಿರು ಕಟ್ಟಿತು. ಮುಂದಿನ ಮಾತು ಬರಲಿಲ್ಲ. ಆಕೆ ಕಣ್ಣು ಮುಚ್ಚಿ ಹುಡುಕುತ್ತಿದ್ದಳು.

ಸ್ಟೂಲಿನ ಮೇಲೆ ಕೂತು ಆಕೆಯ ರವಿಕೆಗೆ ಗುಂಡಿ ಹಾಕುತ್ತಿದ್ದ ಟೈಲರ್ ತಲೆ ಎತ್ತದೆ ಹೇಳಿದರು: "ಮಹಾಸ್ವಾಮಿ, ನಿಮ್ಮ ಕಿರೀಟ ಎತ್ತರ ಇದೆ, ಬಾಗಿಲು ಸರಿಯಾಗೇ ಇದೆ."

ಮೈಕಮ್ಮ ಕಣ್ಣು ಬಿಟ್ಟಳು. "ನಿಮಗೆ ಬರುತ್ತಾ?"

"ಹೂಂ."

"ಎಷ್ಟು ಬರುತ್ತೆ?"

"ಎಲ್ಲ."

"ಯಾವಾಗ ಕಲಿತ್ರಿ? ಒಂದಿನಾನೂ ಬಸ್ ಹತ್ತಿದೋರಲ್ಲ!"

"ದಿನಾ ಬೆಳಿಗ್ಗೆ ನೀನು ಒಲೆ ಮುಂದೆ ಹೇಳ್ಕೊಳ್ತಿದ್ದೆ. ನಾನು ಎದುರಿಗೇ ಮೆಷಿನ್ ತುಳೀತಿದ್ದೆ. ಮೆಷಿನ್ನು ಕಿವುಡು, ನಾನಲ್ಲ."

ಮೈಕಮ್ಮ ನಕ್ಕಳು. ನಕ್ಕಿದ್ದಕ್ಕೆ ಕೆಮ್ಮು ಬಂದು, ಕೆಮ್ಮಿಗೆ ನರ್ಸು ಬಂದು, ನರ್ಸು ಬೈದು ಹೋದಳು. ಆಮೇಲೆ ಆಕೆ ಗಂಡನ ಕೈ ಹಿಡಿದು, "ಹಾಗಾದ್ರೆ ನಾನು ಹೋದ ದಿನಾನೂ ಟ್ರಿಪ್ಪು ನಿಲ್ಲಬಾರ್ದು, ಗೊತ್ತಾಯ್ತಾ? ನನ್ನಿಂದ ಯಾರೂ ಸ್ಟಾಪಿಂದ ವಾಪಸ್ ಹೋಗಬಾರ್ದು," ಎಂದಳು.

"ಹೂಂ," ಎಂದರು ಟೈಲರ್.

*

ಬಸ್ಸು ಸ್ಟಾಪಿನಲ್ಲಿ ನಿಂತಿತು. ಪ್ರವಾಸಿಗಳು ನೀರಿನ ಬಾಟಲಿ, ತಿಂಡಿ ಡಬ್ಬಿ, ಕ್ಯಾಮೆರಾ ಹಿಡಿದುಕೊಂಡು ಬಾಗಿಲ ಬಳಿ ಬಂದವರು, ಒಳಗಿನ ಪೆಟ್ಟಿಗೆ ಕಂಡು ಮೆಟ್ಟಿಲ ಮೇಲೇ ನಿಂತರು. ಮಾಲೀಕ ಕೈ ಜೋಡಿಸಿಕೊಂಡು ವಿಷಯ ಹೇಳಿದ. ಮಣ್ಣು ಮಾಡುವ ಜಾಗ ಎರಡನೇ ಗುಡಿ ದಾಟಿ ಹೊಳೆ ದಂಡೆಯ ಮೇಲೆ, ಟ್ರಿಪ್ಪಿನ ದಾರಿಯಲ್ಲೇ. 'ದಿನಾ ಬಸ್ಸು ಅಲ್ಲಿ ನಿಧಾನ ಆಗುತ್ತೆ, ನನಗೂ ಹೊತ್ತು ಹೋಗುತ್ತೆ' ಎಂದು ಮೈಕಮ್ಮನೇ ಆರಿಸಿಕೊಂಡ ಜಾಗ. ಬರುವವರು ಬರಬಹುದು, ಬರದವರ ಮೇಲೆ ಬೇಸರವಿಲ್ಲ.

ಕೊನೆಗೆ ಬಿಳಿ ಟೋಪಿಯ ಒಬ್ಬ ಹೆಂಗಸು ಕೇಳಿದಳು: "ಬರ್ತೀವಿ. ಆದ್ರೆ ಗೈಡ್ ಯಾರು?"

"ನಾನು," ಎಂದರು ಟೈಲರ್.

"ಅಪ್ಪಾ!" ಎಂದು ಮಗಳು ತೋಳು ಹಿಡಿದುಕೊಂಡಳು. "ನಿಮಗೆ ಬಸ್ ಹತ್ತಿದ್ರೆ ವಾಂತಿ ಬರುತ್ತೆ."

"ಕವರ್ ಇಟ್ಕೊಂಡಿದ್ದೀನಿ."

"ಒಂದು ಗುಡೀನೂ ನೋಡಿಲ್ಲ ನೀವು!"

"ಕೇಳಿದ್ದೀನಿ."

ಬಸ್ಸು ಹೊರಟಿತು. ಟೈಲರ್ ಡ್ರೈವರ್ ಪಕ್ಕ ನಿಂತು, ಒಂದು ಕೈಯಲ್ಲಿ ಕಂಬಿ, ಇನ್ನೊಂದರಲ್ಲಿ ಮೈಕು ಹಿಡಿದು, ಮುಂದಿನ ರಸ್ತೆ ನೋಡುತ್ತ ಗಂಟಲು ಸರಿಮಾಡಿಕೊಂಡರು. ಮೈಕಿನಲ್ಲಿ ಅದು ಲಾರಿ ಸ್ಟಾರ್ಟಾದಂತೆ ಕೇಳಿತು.

"ನಮಸ್ಕಾರ. ಹೊಟ್ಟೆ ತುಂಬಿದೋರು ನಿದ್ದೆ ಮಾಡ್ಬೇಡಿ, ನಿದ್ದೆ ಬಂದೋರು ಗೊರಕೆ ಹೊಡೀಬೇಡಿ. ಈಗ ನಿಮ್ಮ ಎಡಕ್ಕೆ ನೋಡಿ. ಸಾವಿರ ವರ್ಷದಿಂದ ಒಂಟಿ ಕಾಲಲ್ಲಿ ನಿಂತಿರೋ ಗೋಪುರ."

ಎಲ್ಲರೂ ಎಡಕ್ಕೆ ನೋಡಿದರು. ಪಂಕ್ಚರ್ ಅಂಗಡಿ. ಅದರ ಮುಂದೆ ಒಬ್ಬ ಹಲ್ಲುಜ್ಜುತ್ತ ನಿಂತಿದ್ದ. ಇಡೀ ಬಸ್ಸು ತನ್ನನ್ನೇ ನೋಡುತ್ತಿರುವುದು ಕಂಡು ಬ್ರಷ್ಷು ಬಾಯಲ್ಲೇ ಇಟ್ಟುಕೊಂಡು ಕೈ ಮುಗಿದ.

ಆಗಿದ್ದಿಷ್ಟೆ: ದಾರಿ ಬಂದಂತೆ ಮಾತು ಬರಬೇಕೆಂದು ಟೈಲರಿಗೆ ಗೊತ್ತಿರಲಿಲ್ಲ. ಅಡುಗೆಮನೆಯಲ್ಲಿ ಗೋಪುರಕ್ಕೂ ಹೊಳೆಗೂ ನಡುವೆ ಒಂದು ಒಗ್ಗರಣೆಯ ಹೊತ್ತು ಮಾತ್ರ. ಇನ್ನೊಂದು ತೊಡಕೂ ಇತ್ತು. ಜನರ ಕಡೆ ಮುಖ ಮಾಡಿ ನಿಲ್ಲುತ್ತಿದ್ದ ಮೈಕಮ್ಮ 'ನಿಮ್ಮ ಎಡಕ್ಕೆ' ಎನ್ನುವಾಗ ತನ್ನ ಬಲಗೈ ಎತ್ತುತ್ತಿದ್ದಳು. ಒಲೆಯ ಮುಂದೆ ಸೌಟು ಹಿಡಿದಾಗಲೂ ಹಾಗೇ. ಟೈಲರ್ ಅದನ್ನೂ ಕಲಿತಿದ್ದರು. ಈಗ ಮುಂದಕ್ಕೆ ಮುಖ ಮಾಡಿ ಇನ್ನೊಮ್ಮೆ 'ಎಡಕ್ಕೆ' ಎನ್ನುತ್ತ ಬಲಗೈ ಎತ್ತಿದಾಗ ಅರ್ಧ ಬಸ್ಸು ಮಾತು ನಂಬಿ ಆ ಕಡೆ, ಅರ್ಧ ಬಸ್ಸು ಕೈ ನಂಬಿ ಈ ಕಡೆ ತಿರುಗಿ, ಮೈಕಮ್ಮನ ತಂಗಿಗೂ ಮಾಲೀಕನಿಗೂ ತಲೆಗೆ ತಲೆ ತಾಗಿತು.

"ರೀ, ನಿಮ್ಮ ಭಾವ ನಮ್ಮನ್ನೂ ಮಣ್ಣು ಮಾಡ್ತಾರೆ," ಎಂದ ಮಾಲೀಕ, ಹಣೆ ಉಜ್ಜಿಕೊಳ್ಳುತ್ತ.

ಹಿಂದೆ ಯಾರೋ ಕಿಸಕ್ಕನೆ ನಕ್ಕರು. ಟೈಲರ್ ಮೈಕು ಕೆಳಗಿಳಿಸಿದರು. ಬೆವರು ಕಾಲರಿಗೆ ಇಳಿಯುತ್ತಿತ್ತು, ಮುಖ ಬಿಳಚಿಕೊಂಡಿತ್ತು. "ನಿಲ್ಸಿಬಿಡು," ಎಂದರು ಡ್ರೈವರಿಗೆ, ಮೆಲ್ಲಗೆ. "ನನ್ನಿಂದ ಆಗಲ್ಲ. ಅವಳ ಮಾನ ಕಳೀತಿದ್ದೀನಿ."

ಬೇರೆ ಡ್ರೈವರಾಗಿದ್ದರೆ ನಿಲ್ಲಿಸಿಬಿಡುತ್ತಿದ್ದ. ಇವನು ಗೇರು ಬದಲಿಸಿದ. "ಭಾವ, ತಿರುಗಿ ನಿಂತ್ಕೊಳಿ."

"ಏನು?"

"ರಸ್ತೆ ನೋಡೋಕೆ ನಾನಿದ್ದೀನಿ. ನೀವು ಅಕ್ಕ ನಿಲ್ತಿದ್ದ ಹಾಗೆ ನಿಂತ್ಕೊಳಿ."

ಟೈಲರ್ ತಿರುಗಿ, ಗಾಜಿಗೆ ಬೆನ್ನು ಕೊಟ್ಟು ನಿಂತರು. ಸೀಟುಗಳ ನಡುವಿನ ದಾರಿಯ ಕೊನೆಯಲ್ಲಿ, ತಮ್ಮ ಕಡೆಗೇ ಮುಖ ಮಾಡಿ, ಹೆಂಡತಿ ಮಲಗಿದ್ದಳು. ಬಸ್ಸಿನಲ್ಲಿ ಬೇರೆ ಯಾರೂ ಇಲ್ಲವೇನೋ ಎಂಬಂತೆ ಅಲ್ಲಿಗೇ ನೋಡಿದರು. ಸ್ವಲ್ಪ ಹೊತ್ತಿಗೆ ಅವರ ಬಲಗಾಲು ತಾನಾಗಿ ಬಸ್ಸಿನ ನೆಲ ತುಳಿಯತೊಡಗಿತು. ಮುಂಗಾಲು, ಹಿಮ್ಮಡಿ, ಮುಂಗಾಲು, ಹಿಮ್ಮಡಿ. ಮೆಷಿನ್ನು ಓಡಿತು. ಮಾತು ಹೊರಟಿತು.

ಎಂಥ ಮಾತು! ರಾಜ ಬಂದ, ಶಿಲ್ಪಿ ಬಂದ, ಗಿಡ್ಡ ಬಾಗಿಲು ಬಂತು. ಮೈಕಮ್ಮ ನಿಲ್ಲಿಸುತ್ತಿದ್ದ ಕಡೆ ನಿಲ್ಲಿಸಿದರು, ಎಳೆಯುತ್ತಿದ್ದ ಕಡೆ ಎಳೆದರು. ಒಮ್ಮೆ ಮಾತಿನ ಮಧ್ಯೆ "ಅಯ್ಯೋ, ಹಾಲು!" ಎಂದೂ ಅಂದುಬಿಟ್ಟರು, ಒಲೆಯ ಮುಂದೆ ಆಕೆ ಅಂದದ್ದೂ ಮಾತಿನೊಳಗೇ ಸೇರಿಹೋಗಿತ್ತು. ಬಿಳಿ ಟೋಪಿಯವಳು ನಕ್ಕು, ನಕ್ಕ ಬಾಯಲ್ಲೇ ಅತ್ತಳು. ಡ್ರೈವರ್ ಆ ಕಾಲಿನ ತಾಳ ಕೇಳುತ್ತ ಅದಕ್ಕೆ ಸರಿಯಾಗಿ ತನ್ನ ಕಾಲು ಒತ್ತಿದ. ಮಾತು ಹಿಂದೆ ಬಿದ್ದರೆ ಬಸ್ಸನ್ನು ಎಮ್ಮೆಯ ಹಾಗೆ ನಡೆಸಿದ, ಮಾತು ಮುಂದೋಡಿದರೆ ಗಾಳಿಯನ್ನೇ ಓವರ್‌ಟೇಕ್ ಮಾಡಿದ. ಮೊದಲ ಎರಡು ಗುಡಿಗಳೂ ಹೇಳಿದ ಕಡೆ ಹೇಳಿದ ಹೊತ್ತಿಗೆ ಕಿಟಕಿಗೆ ಬಂದು ಹೋದವು, ಪೆಟ್ಟಿಗೆ ಇದ್ದುದರಿಂದ ಯಾರೂ ಇಳಿಯಲಿಲ್ಲ.

"ಈಗ ಯಾರೂ ಮಾತಾಡ್ಬೇಡಿ," ಎಂದರು ಟೈಲರ್. "ಕ್ಯಾಮೆರಾ ಕೆಳಗಿಡಿ. ಕಣ್ಣಲ್ಲಿ ತಗೊಳ್ಳಿ. ನಿಮ್ಮ ಎಡಕ್ಕೆ..." ಬಲಗೈ ಮೇಲೆದ್ದಿತು.

ಬಸ್ಸು ತಿರುವು ದಾಟಿತು. ಬಂಡೆಗಳು ಸರಿದವು. ಕೆಳಗೆ, ಬೆಳಕು ಹೊತ್ತುಕೊಂಡು, ಹೊಳೆ.

ಬಸ್ಸಿಗೆ ಬಸ್ಸೇ "ಆಹಾ" ಎಂದಿತು. ಟೈಲರಿಗೆ ಹೊಳೆ ಕಾಣಲಿಲ್ಲ, ಅದು ಬೆನ್ನ ಹಿಂದಿತ್ತು. ಅವರು ಕಂಡದ್ದು ಒಟ್ಟಿಗೇ ಅರಳಿದ ಮುಖಗಳನ್ನು. ಇವಳು ಯಾಕೆ ಒಂದು ದಿನವೂ ರಜೆ ಹಾಕಲಿಲ್ಲ ಎಂಬುದು ಅವರಿಗೆ ಆಗ ತಿಳಿಯಿತು.

*

ಹೊಳೆ ದಂಡೆಯಲ್ಲಿ ಪೆಟ್ಟಿಗೆ ಇಳಿಸಿ, ಎಲ್ಲರೂ ಒಂದೊಂದು ಹಿಡಿ ಮಣ್ಣು ಹಾಕಿದರು. ಪ್ರವಾಸಿಗಳೂ ಹಾಕಿದರು. ಆಮೇಲೆ ಏನು ಮಾಡಬೇಕೆಂದು ತೋಚದೆ ನಿಂತಾಗ ಟೈಲರ್, ಮೈಕಿಲ್ಲದೆ, ಟ್ರಿಪ್ಪಿನ ಕೊನೆಯಲ್ಲಿ ಆಕೆ ಹೇಳುತ್ತಿದ್ದುದನ್ನು ಹೇಳಿದರು.

"ಇಳಿಯೋ ಮುಂಚೆ ಸೀಟಿನ ಕೆಳಗೆ ನೋಡ್ಕೊಳ್ಳಿ. ಏನಾದ್ರೂ ಬಿಟ್ಟು ಹೋಗಿದ್ರೆ ಅದು ನನ್ನದು. ಚೆನ್ನಾಗಿತ್ತು ಅನ್ನಿಸಿದ್ರೆ ನಾಲ್ಕು ಜನಕ್ಕೆ ಹೇಳಿ. ಚೆನ್ನಾಗಿರ್ಲಿಲ್ಲ ಅನ್ನಿಸಿದ್ರೆ ಡ್ರೈವರ್‌ಗೆ ಹೇಳಿ."

ಬಿಳಿ ಟೋಪಿಯವಳು ಪಟಪಟನೆ ಚಪ್ಪಾಳೆ ತಟ್ಟಿದಳು. ತಟ್ಟಿದ ಮೇಲೆ ತಾನು ಎಲ್ಲಿದ್ದೇನೆಂದು ನೆನಪಾಗಿ ಕೈ ಹಿಂದೆ ಬಚ್ಚಿಟ್ಟುಕೊಂಡಳು.

"ಯಾಕಮ್ಮಾ ನಿಲ್ಸಿದೆ?" ಎಂದಳು ಮೈಕಮ್ಮನ ತಂಗಿ. "ತಟ್ಟು. ನಮ್ಮಕ್ಕಂಗೆ ಅದು ಅಂದ್ರೆ ಪ್ರಾಣ."

ಚಪ್ಪಾಳೆ ಹೊಳೆಯ ಆಚೆ ದಡಕ್ಕೆ ಹೋಗಿ ತಾಗಿ ವಾಪಸ್ಸು ಬಂತು. ಮಾಲೀಕ ಎಲ್ಲರಿಗಿಂತ ಜೋರಾಗಿ ತಟ್ಟುತ್ತಿದ್ದ.

ಮೂರನೇ ಗುಡಿ ಉಳಿದಿತ್ತು. ಟ್ರಿಪ್ಪು ಅರ್ಧಕ್ಕೆ ನಿಂತರೆ ಅದೂ ರದ್ದಾದ ಹಾಗೇ. ಹೊರಟರು. ಅಲ್ಲಿ ಇಳಿದ ಟೈಲರ್ ತಲೆ ಎತ್ತಿ ಗೋಪುರವನ್ನು ಕೆಳಗಿನಿಂದ ಮೇಲಕ್ಕೆ, ಬಟ್ಟೆ ಅಳೆಯುವ ಹಾಗೆ ನೋಡಿದರು.

"ಅವಳು ಹೇಳಿದಷ್ಟು ಎತ್ತರ ಇಲ್ಲ."

"ಅಕ್ಕ ಹೇಳೋವಾಗ ಇರ್ತಿತ್ತು ಭಾವ," ಎಂದ ಡ್ರೈವರು.

ಒಳಗೆ ಸಾಲು ಸಾಲು ಕಂಬ, ತಣ್ಣನೆಯ ಕತ್ತಲು. ಟೈಲರ್ ಹೇಳಿದರು: "ಇಷ್ಟು ಕಂಬದಲ್ಲಿ ಒಂದು ಹಾಡುತ್ತೆ. ಯಾವುದು ಅಂತ ಬಾಯಲ್ಲಿ ಹೇಳೋಲ್ಲ. ಬನ್ನಿ, ತೋರಿಸ್ತೀನಿ." ಹೇಳಿ, ಅಲ್ಲೇ ನಿಂತರು. ಅಡುಗೆಮನೆಯ ಮಾತು ಅಲ್ಲಿಗೆ ಮುಗಿಯುತ್ತಿತ್ತು. ಅದರಿಂದ ಮುಂದಿನದು ಆಕೆ ಕೈಯಿಂದ ಮಾಡುತ್ತಿದ್ದ ಕೆಲಸ. ಅವರು ಡ್ರೈವರ್ ಕಡೆ ತಿರುಗಿದರು. "ನೀನು ತೋರ್ಸು. ಕಲ್ಲು ಕಲ್ಲೂ ಗೊತ್ತು ಅಂತೀಯಲ್ಲ."

"ಅದೇನು ಮಹಾ!" ಎಂದ ಡ್ರೈವರು. ಎಡಗಡೆಯ ಮೂರನೇ ಕಂಬಕ್ಕೆ ಬೆರಳಿನಿಂದ ಬಡಿದ. ಠಪ್. "ಇದಕ್ಕೆ ಇವತ್ತು ಶೀತ." ಪಕ್ಕದ್ದಕ್ಕೆ ಬಡಿದ. ಠಪ್. "ಇದು ಸಂಜೆ ಮೇಲೆ ಹಾಡೋದು." ಇನ್ನೊಂದಕ್ಕೆ ಬಡಿದು, ಬೆರಳು ನೋವಾಗಿ ಬಾಯಿಗಿಟ್ಟುಕೊಂಡ.

ಮಗಳು ಸೊಂಟದ ಮೇಲೆ ಕೈ ಇಟ್ಟುಕೊಂಡಳು. "ಮಾವ, ನಿಜ ಹೇಳಿ. ಈ ಗುಡಿ ಒಳಗೆ ಯಾವತ್ತಾದ್ರೂ ಬಂದಿದ್ದೀರಾ?"

ಸಿಕ್ಕಿಬಿದ್ದೆ.

ಬಂದಿರಲಿಲ್ಲ. ಆ ಡ್ರೈವರು ನಾನೇ. ಇಷ್ಟು ಹೊತ್ತು ಬೇರೆಯವರ ಬಾಯಲ್ಲಿ ಹೊಗಳಿದಂತೆ ಹೊಗಳಿಕೊಂಡವನೂ ನಾನೇ. ಜನ ಗುಡಿಗೆ ಇಳಿದ ಕೂಡಲೇ ಹಿಂದಿನ ಸೀಟಿನಲ್ಲಿ ಟವೆಲ್ ಮುಖಕ್ಕೆ ಹಾಕಿಕೊಂಡು ನಿದ್ದೆ ಹೊಡೆಯುತ್ತಿದ್ದೆ. ನಾನು ಹೇಳುವ ರಾಜ, ಶಿಲ್ಪಿ, ಕಲ್ಲು, ಎಲ್ಲ ಅಕ್ಕನ ಮೈಕಿನಿಂದ ಕಿವಿಗೆ ಬಿದ್ದದ್ದು. ಹಾಗೆಂದು ಅವರೆಲ್ಲರ ಮುಂದೆ ಒಪ್ಪಿಕೊಂಡೆ. ಭಾವ ನನ್ನನ್ನೇ ನೋಡಿದರು. ಒಬ್ಬ ಮೆಷಿನ್ ತುಳಿಯುತ್ತ, ಒಬ್ಬ ಸ್ಟೇರಿಂಗ್ ಹಿಡಿದುಕೊಂಡು, ಇಬ್ಬರೂ ಕೇಳಿಯೇ ಮುದುಕರಾಗಿದ್ದೆವು.

"ಬಾ," ಎಂದರು ಭಾವ. "ಹುಡುಕೋಣ."

ಅವರು ಆ ಸಾಲು ಹಿಡಿದರು, ನಾನು ಈ ಸಾಲು. ಬಡಿದು, ಕಲ್ಲಿಗೆ ಕಿವಿ ಇಟ್ಟು, ಮುಂದಿನದಕ್ಕೆ. ಮಗಳು ಸೇರಿದಳು, ಅವಳ ಚಿಕ್ಕಮ್ಮ ಸೇರಿದಳು, ಮಾಲೀಕ ಫೋನನ್ನು ಜೇಬಿಗೆ ಹಾಕಿಕೊಂಡು ಸೇರಿದ. ಬಸ್ಸಿನಲ್ಲಿ ಬಂದಿದ್ದ ಇಪ್ಪತ್ತು ಚಿಲ್ಲರೆ ಜನ, ಅದಕ್ಕಿಂತ ಒಬ್ಬನೂ ಹೆಚ್ಚಿಲ್ಲ, ಒಂದೊಂದು ಕಂಬ ತಬ್ಬಿಕೊಂಡು ಕಿವಿ ಒತ್ತಿ ನಿಂತರು. ಗುಡಿಯ ತುಂಬ ಠಪ್, ಠಪ್, ಠಪ್.

ಆಗ ಆ ಮೂಲೆಯಿಂದ, ಕೆನ್ನೆಯನ್ನು ಕಲ್ಲಿನಿಂದ ಕೀಳದೆ, ಭಾವ ಒಂದು ಕೈ ಮೇಲಕ್ಕೆತ್ತಿದರು. ಎಲ್ಲರ ಬೆರಳೂ ಇದ್ದಲ್ಲೇ ನಿಂತವು.