ಕ್ಯಾಮೆರಾ ಪಕ್ಕದ ಜಾಗ

"ತಲಿ ವಾಲಾಕತ್ತೈತಿ, ಇನ್ನೊಂದು ಸುತ್ತು ಬಿಗಿ," ಎಂದಳು ನೆರೆಮನೆಯ ಶಿವಲಿಂಗಮ್ಮ.

ಕಲ್ಯಾಣಮ್ಮ ನಾದಿನಿಯ ಗದ್ದದ ಕೆಳಗಿನಿಂದ ಬಿಳಿ ಬಟ್ಟೆ ತಂದು ಗೋಡೆಯ ಮೊಳೆಗೆ ಮತ್ತೊಂದು ಸುತ್ತು ಹಾಕಿದಳು. ಬಳಗಾನೂರಿನ ತವರುಮನೆಯ ಪಡಸಾಲೆಯಲ್ಲಿ ವಿಜಯಶ್ರೀ ಹಣೆತುಂಬ ವಿಭೂತಿ ಧರಿಸಿ ಪದ್ಮಾಸನದಲ್ಲಿ ಕೂತಿದ್ದಳು. ಬದುಕಿದ್ದಾಗ ಹೀಗೆ ಒಂದು ಕಡೆ ಕೂತ ಜೀವವಲ್ಲ ಅದು. ಬೇರೆಯವರನ್ನು ಕೂರಿಸಿ, ಬೆಳಕು ನೋಡಿ, ತಾನು ಕ್ಯಾಮೆರಾ ಪಕ್ಕ ಮೊಣಕಾಲೂರುತ್ತಿದ್ದವಳು. ಹಣ ಹಾಕುವ ದೊಡ್ಡ ಮಂದಿಯ ಬಾಗಿಲು ಕಾಯದೆ, ಮೈಮೇಲಿನ ಬಂಗಾರ ಮಾರಿ ಸಿನಿಮಾ ಮಾಡಿದಳು. ಥಿಯೇಟರ್ ಸಿಗದಿದ್ದರೆ ಕಲ್ಯಾಣ ಮಂಟಪದ ಗೋಡೆಗೆ ಬಿಳಿ ಬಟ್ಟೆ ಕಟ್ಟಿ ತೋರಿಸಿದಳು. ನಿನ್ನೆ ಲಿಂಗಸುಗೂರಿನ ಬಾಡಿಗೆ ಕೋಣೆಯಲ್ಲಿ ಪ್ರಾಣ ಬಿಟ್ಟಳು. ಅಪ್ಪನ ಸಮಾಧಿಯ ಪಕ್ಕವೇ ಮಣ್ಣು ಮಾಡೋಣ ಎಂದು ಅಣ್ಣ ಪಂಪಾಪತಿ ಇಲ್ಲಿಗೆ ತಂದಿದ್ದ.

"ಇದ ಮನ್ಯಾಗ ಅಲ್ಲೇನು ನಿನ್ನ ಕದ್ದು ಶೂಟಿಂಗ್ ಮಾಡಿದ್ದು?" ಶಿವಲಿಂಗಮ್ಮ ದನಿ ತಗ್ಗಿಸಿದಳು. "ಹೋದಾಕಿನ್ನ ಆಡಬಾರದು ಖರೆ. ಆದ್ರೂ ಮನಿ ಹೆಣ್ಮಗಳ ಮಾನ ಅಂತ ನೋಡಲಿಲ್ಲಲ್ಲ."

ಕಲ್ಯಾಣಮ್ಮ ಬಟ್ಟೆಯ ಗಂಟು ಬಿಗಿದಳು. ಹೌದು ಎನ್ನಲಿಲ್ಲ, ಇಲ್ಲ ಎನ್ನುವ ಧೈರ್ಯವೂ ಬರಲಿಲ್ಲ. ತನ್ನ ಮೇಲೆ ತನಗೇ ಹೇಸಿಗೆ ಅನ್ನಿಸಿತು.

*

ಶೂಟಿಂಗಿನ ದಿನ ಗಂಡ ಪಂಪಾಪತಿ ಸಿಂಧನೂರಿನ ಅಕ್ಕಿ ಗಿರಣಿಗೆ ಹೋಗಿದ್ದ. ಕಲ್ಯಾಣಮ್ಮ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು.

"ಅತ್ತಿಗಿ, ಕ್ಯಾಮೆರಾ ನೋಡಬ್ಯಾಡ. ನಾ ಇಲ್ಲೇ ಪಕ್ಕದಾಗ ಕುಂತೀನಿ. ನನ್ನ ನೋಡು, ನನಗ ಹೇಳು," ಎಂದಳು ವಿಜಯಶ್ರೀ, ಕ್ಯಾಮೆರಾ ಹಿಡಿದ ಹುಡುಗಿಯ ಪಕ್ಕ ಮೊಣಕಾಲೂರಿ.

"ಈ ಮನಿಗೆ ಬಂದಾಗಿಂದ ರೊಟ್ಟಿ ಬಡ್ಯಾಕತ್ತೀನವ್ವ. ನೀ ಉಂಡಿಯೇನು ಅಂತ ಒಬ್ಬರೂ ಕೇಳಿಲ್ಲ," ಎಂದಳು ಕಲ್ಯಾಣಮ್ಮ. ಯಾರೂ ಬರೆದುಕೊಟ್ಟ ಮಾತಲ್ಲ. ಹೇಳಿದ ಮೇಲೆ ಅವಳಿಗೇ ಸಮಾಧಾನವಾಗಲಿಲ್ಲ. "ನಿಲ್ಲು, ಸೆರಗು ಜಾರೇತಿ. ಇನ್ನೊಮ್ಮೆ ಹೇಳ್ತೀನಿ."

ಎರಡನೆಯ ಸಲ ಇನ್ನೂ ಚೆನ್ನಾಗಿ ಹೇಳಿದಳು. ಆಮೇಲೆ ಮೂವರೂ ಒಲೆಯ ಮುಂದೆಯೇ ಕೂತು ಬಿಸಿ ರೊಟ್ಟಿ ತಿಂದರು.

ಸಿಂಧನೂರಿನಲ್ಲಿ ಸಿನಿಮಾ ತೋರಿಸಿದ ದಿನ ಹೆಂಗಸರು ಕಣ್ಣೊರೆಸಿಕೊಂಡರು. ಬಜಾರಿನ ಮಂದಿ ಪಂಪಾಪತಿಯ ಮುಖ ನೋಡಿದರು. ಅವನು ಅರ್ಧಕ್ಕೇ ಎದ್ದ. ಮನೆಗೆ ಬಂದು ಬೈಯಲಿಲ್ಲ, ಕೈ ಎತ್ತಲಿಲ್ಲ.

"ತಿಳದು ಹೇಳಿಯೇನು ಅದನ್ನ?" ಎಂದಷ್ಟೇ ಕೇಳಿದ.

"ಇಲ್ಲರೀ. ಕ್ಯಾಮೆರಾ ಚಾಲೂ ಐತಿ ಅಂತ ನನಗ ಗೊತ್ತಿರಲಿಲ್ಲ."

ವಿಜಯಶ್ರೀ ಅಂಗಳದಲ್ಲೇ ನಿಂತಿದ್ದಳು. ಎಲ್ಲ ಕೇಳಿಸಿತು. ಚೀಲ ಹೆಗಲಿಗೇರಿಸಿಕೊಂಡು ಬಸ್ ಸ್ಟ್ಯಾಂಡಿನ ಕಡೆ ನಡೆದಳು.

ಕದ್ದು ತೆಗೆದಳೆಂಬ ಮಾತು ಮಸ್ಕಿ ದಾಟಿ ಪಾಮನಕಲ್ಲೂರು ಮುಟ್ಟಿತು. ಅಲ್ಲಿನ ಕೂಲಿ ಹೆಂಗಸರನ್ನೇ ಇಟ್ಟುಕೊಂಡು ಮುಂದಿನ ಸಿನಿಮಾ ಮಾಡುವವಳಿದ್ದಳು ವಿಜಯಶ್ರೀ. ಕದ್ದು ಚಿತ್ರ ತೆಗೆಯುವ ಹೆಂಗಸು ಬಂದಳೆಂದು ಓಣಿಗೆ ಓಣಿಯೇ ಕದ ಹಾಕಿಕೊಂಡಿತು. ಕೊನೆಗೆ ಲಿಂಗಸುಗೂರಿನಲ್ಲಿ ಕೂತು ಯಾರದೋ ಮದುವೆ ವಿಡಿಯೋಗಳನ್ನು ಕತ್ತರಿಸಿ ಜೋಡಿಸುತ್ತ ಹೊಟ್ಟೆ ಹೊರೆದಳು.

*

ಅಂಗಳದಲ್ಲಿ ಆಟೋ ನಿಂತಿತು. ಇಳಿದವಳು ವಸೀಮಾ, ವಿಜಯಶ್ರೀಯ ಸಿನಿಮಾಕ್ಕೆ ಕ್ಯಾಮೆರಾ ಹಿಡಿದವಳು. ಅವಳ ಕ್ಯಾಮೆರಾ ಚೀಲ ಕಂಡು ಪಂಪಾಪತಿ ಅಡ್ಡ ಬಂದ.

"ಇಲ್ಲಿ ಅದನ್ನ ತಗೀಬ್ಯಾಡವ್ವ."

"ತಗಿಯಂಗಿಲ್ರಿ. ಮುಖ ನೋಡಾಕ ಬಂದೀನಿ."

ಕಲ್ಯಾಣಮ್ಮ ನೀರು ಕೊಡುವ ನೆಪದಲ್ಲಿ ಅವಳನ್ನು ಹಿತ್ತಲಿಗೆ ಕರೆದೊಯ್ದಳು. "ನನ್ನ ಬಗ್ಗೆ ಏನರ ಅಂತಿದ್ಲೇನು?"

ವಸೀಮಾ ತಂಬಿಗೆ ಕೆಳಗಿಟ್ಟಳು. "ನೀವು ಸೆರಗು ಸರಿ ಮಾಡ್ಕೊಂಡು ಇನ್ನೊಮ್ಮೆ ಹೇಳ್ತೀನಿ ಅಂದದ್ದೂ ಕ್ಯಾಮೆರಾದಾಗ ಐತ್ರಿ. ಊರ ಮಂದಿಗೆ ತೋರಸೂನು ಅಂತ ನಾ ಜಗಳಾನೂ ಮಾಡಿದೆ. ಬ್ಯಾಡ, ಅತ್ತಿಗಿ ಅದೇ ಮನ್ಯಾಗ ಬಾಳ್ವಿ ಮಾಡಬೇಕು ಅಂದ್ರು." ತಂಬಿಗೆ ಮತ್ತೆ ಎತ್ತಿಕೊಂಡಳು. "ನಾವು ಉಣ್ಣಾಕ ಕುಂತಾಗೆಲ್ಲ, ಅತ್ತಿಗಿ ಉಂಡಾಳೋ ಇಲ್ಲೋ ಅಂತಿದ್ರು."

ಕಲ್ಯಾಣಮ್ಮ ಪಡಸಾಲೆಯ ಕಡೆ ತಿರುಗಿದಳು. ಒಂದು ಮಾತಿನಲ್ಲಿ ನಾದಿನಿಯ ಬದುಕು ಮುರಿದದ್ದು ತಾನು. ಆ ಮಾತನ್ನು ಕಾಪಾಡಿದ್ದು ಅವಳು.

ಪಡಸಾಲೆಯಲ್ಲಿ ಭಜನೆ ನಡೆದಿತ್ತು. "ಹೊತ್ತಾತು, ಎತ್ತೂನು," ಎಂದರು ಸ್ವಾಮಿಗಳು.

"ಸ್ವಲ್ಪ ತಡೀರಿ," ಎಂದು ಕಲ್ಯಾಣಮ್ಮ ಒಳಗೆ ಬಂದು ಹೆಣದ ಎದುರಿಗೆ ಕೂತಳು. "ವಸೀಮಾ, ಕ್ಯಾಮೆರಾ ತಗಿ. ಆಕಿ ಪಕ್ಕ ಕೂಡು."

"ಕಲ್ಯಾಣಿ," ಎಂದ ಪಂಪಾಪತಿ. ಅವಳು ಆ ಕಡೆ ತಿರುಗಲಿಲ್ಲ.

ವಸೀಮಾ ವಿಜಯಶ್ರೀಯ ಭುಜದ ಪಕ್ಕ ಮೊಣಕಾಲೂರಿದಳು. ಕ್ಯಾಮೆರಾದ ಕೆಂಪು ದೀಪ ಹೊತ್ತಿತು. ಕಲ್ಯಾಣಮ್ಮ ಅದನ್ನು ನೋಡಲಿಲ್ಲ. ಅದರ ಪಕ್ಕದ ವಿಭೂತಿಯ ಮುಖವನ್ನೇ ನೋಡಿದಳು.

"ಅವತ್ತು ಅದು ಚಾಲೂ ಐತಿ ಅಂತ ನನಗ ಗೊತ್ತಿತ್ತು."

ತಾಳ ನಿಂತಿತು. "ಏನಂದಿ?" ಎಂದಳು ಶಿವಲಿಂಗಮ್ಮ.

ಸೆರಗು ಜಾರಿತ್ತು. ಕಲ್ಯಾಣಮ್ಮ ಅದನ್ನು ತಲೆಯ ಮೇಲೆ ಸರಿಯಾಗಿ ಎಳೆದುಕೊಂಡು, ಪಡಸಾಲೆಗೆಲ್ಲ ಕೇಳುವಂತೆ ಇನ್ನೊಮ್ಮೆ ಹೇಳಿದಳು.